ಮಮ್ಮರ್ ವೇಷ: ಮುಖ ಮುಚ್ಚಿದರೆ ಸಾಲದು

ಕೆನಡಾದ ನ್ಯೂಫೌಂಡ್‌ಲ್ಯಾಂಡ್‌ನಲ್ಲಿ ಕ್ರಿಸ್‌ಮಸ್ ಮಾರನೇ ದಿನದಿಂದ ಜನವರಿ 6ರವರೆಗೆ ಮಮ್ಮರ್‌ಗಳ ಕಾಲ. ವೇಷ ಕಟ್ಟಿಕೊಂಡು ಗುಂಪಾಗಿ ನೆಂಟರಿಷ್ಟರ, ನೆರೆಯವರ ಮನೆಗೆ ನುಗ್ಗುವುದು, ಕುಣಿಯುವುದು. ಯಾರು ಅಂತ ಮನೆಯವರು ಕಂಡುಹಿಡಿಯುವ ತನಕ ಮುಸುಕು ತೆಗೆಯುವಂತಿಲ್ಲ. ಪಕ್ಕದ ಮನೆಯವರು ಕರೆದರು ಅಂತ ನಾನೂ ಸೇರಿಕೊಂಡೆ. ಈಗ ಬಿಡೋಕಾಗ್ತಿಲ್ಲ.

ವೇಷಕ್ಕೆ ದುಡ್ಡು ಬೇಡ. ಮುಖಕ್ಕೆ ಹಳೇ ಲೇಸ್ ಪರದೆ, ಇಲ್ಲವೇ ಕಣ್ಣಿಗೆ ತೂತು ಮಾಡಿದ ದಿಂಬಿನ ಕವರ್. ನಾನು ಪರದೆಯನ್ನೇ ಹಾಕುತ್ತೇನೆ, ಉಸಿರಾದರೂ ಆಡಬಹುದು. ಬೆನ್ನಿಗೆ ದಿಂಬು ಕಟ್ಟಿದರೆ ಗೂನು. ಗಂಡಸರಿಗೆ ಹೂವಿನ ನೈಟಿ, ಅದರ ಮೇಲೆ ಬ್ರಾ. ಹೆಂಗಸರಿಗೆ ಮೀನುಗಾರರ ರೇನ್‌ಕೋಟು. ಬೂಟನ್ನು ಎಡಬಲ ಬದಲಿಸಿ ಹಾಕುವವರೂ ಇದ್ದಾರೆ. ಹುಟ್ಟಿದಾಗಿನಿಂದ ನೋಡಿದವರು ನಡಿಗೆಯಲ್ಲೇ ಹಿಡಿದುಬಿಡ್ತಾರೆ, ಅದಕ್ಕೆ.

ನನ್ನ ಕಷ್ಟ ಬೇರೆ. ನಮ್ಮ ಬೀದಿಗೆ ಕಪ್ಪು ಮೈಬಣ್ಣದವನು ನಾನೊಬ್ಬನೇ. ಮಣಿಕಟ್ಟು ಇಣುಕಿದರೂ ಆಟ ಮುಗೀತು. ಹಾಗಾಗಿ ಮೊಣಕೈವರೆಗೆ ಉಣ್ಣೆಯ ಗ್ಲೌಸು, ಕುತ್ತಿಗೆಗೆ ಮಫ್ಲರ್. ಮಾತಿಗೆ ಮಾತ್ರ ಇವರ ಹಳೇ ಉಪಾಯವೇ ಸಾಕು. ಉಸಿರನ್ನು ಒಳಗೆಳೆದುಕೊಳ್ಳುತ್ತಲೇ "ಮಮ್ಮರ್‌ಗಳು ಒಳಗೆ ಬರಬಹುದಾ?" ಅನ್ನಬೇಕು. ದನಿ ಕೀರಲಾಗುತ್ತದೆ, ನನ್ನ ಕನ್ನಡದ ರಾಗವೂ ಅಡಗುತ್ತದೆ. ಜಾಸ್ತಿ ಮಾತಾಡಿದರೆ ಕೆಮ್ಮು ಗ್ಯಾರಂಟಿ.

"ಯಾರ್‍ಯಾರೋ ಮುಖ ಮುಚ್ಕೊಂಡು ಬಂದ್ರೆ ಭಯ ಆಗಲ್ವೇನೋ?" ಅಂತ ಅಮ್ಮ ಫೋನಿನಲ್ಲಿ ಕೇಳಿದಳು. ಕೇಳುವಂಥದ್ದೇ. 1860ರ ಡಿಸೆಂಬರಿನಲ್ಲಿ ಬೇ ರಾಬರ್ಟ್ಸ್ ಎಂಬ ಊರಲ್ಲಿ ವೇಷಧಾರಿಗಳು ಐಸಾಕ್ ಮರ್ಸರ್ ಎಂಬಾತನನ್ನು ಕೊಂದರು. ಮರುವರ್ಷವೇ, ಪರವಾನಗಿ ಇಲ್ಲದೆ ವೇಷ ಹಾಕಿ ಬೀದಿಗಿಳಿಯಬಾರದು ಅಂತ ಕಾನೂನು ಬಂತು. ಕಡಲಂಚಿನ ಹಳ್ಳಿಗಳು ಕೇಳಬೇಕಲ್ಲ! ಅವನ್ನು ನಿಜಕ್ಕೂ ಸೊರಗಿಸಿದ್ದು 1992. ಆ ವರ್ಷ ಸರ್ಕಾರ ಕಾಡ್ (cod) ಎಂಬ ಕಡಲ ಮೀನಿನ ಮೀನುಗಾರಿಕೆ ನಿಲ್ಲಿಸಿತು, ಹುಡುಗರು ಕೆಲಸ ಹುಡುಕಿಕೊಂಡು ಹೋದರು. ತಟ್ಟೋಣ ಅಂದರೆ ಬಾಗಿಲುಗಳೇ ಕಡಿಮೆಯಾದವು.

2009ರಿಂದ ಸೇಂಟ್ ಜಾನ್ಸ್ ನಗರದಲ್ಲಿ ಮಮ್ಮರ್ಸ್ ಫೆಸ್ಟಿವಲ್ ನಡೆಯುತ್ತಿದೆ. ಮೆರವಣಿಗೆ ಚೆನ್ನಾಗಿರುತ್ತದೆ, ಆದರೆ ಅಲ್ಲಿ ಯಾರೂ ಯಾರನ್ನೂ ಕಂಡುಹಿಡಿಯಬೇಕಿಲ್ಲ. ನನಗೆ ಅಡುಗೆಮನೆಯ ಆಟವೇ ಇಷ್ಟ. ಮನೆಯವರು ಗೂನು ತಿವಿಯುತ್ತಾರೆ, ಕುಣಿಸುತ್ತಾರೆ, ಊರಿನವರ ಹೆಸರನ್ನೆಲ್ಲ ಒಂದೊಂದಾಗಿ ಹೇಳುತ್ತಾರೆ.

ಕಳೆದ ಸಲ ನನ್ನನ್ನು ಯಾರದೋ ಭಾವ ಅಂದರು, ಪೋಸ್ಟ್‌ಮ್ಯಾನ್ ಅಂದರು. ಒಲೆಯ ಕಾವಿಗೆ ಬೆವರಿಳಿದು, ಕೈಸನ್ನೆಯಲ್ಲೇ ನೀರು ಕೇಳಿದೆ. ಗೋಡೆ ಕಡೆ ತಿರುಗಿ ಪರದೆ ಸರಿಸಿ, ಲೋಟ ತುಟಿಗೆ ತಾಗಿಸದೆ ಎತ್ತಿ ಕುಡಿದೆ. ಹಿಂದಿನಿಂದ ಮನೆಯಾಕೆ ನನ್ನ ಹೆಸರು ಹಿಡಿದು ಕೂಗಿದರು. ಆಮೇಲೆ ರಮ್ಮು, ಫ್ರೂಟ್ ಕೇಕು, ಮತ್ತೆ ಮುಂದಿನ ಮನೆ.