ಲಾಂಡ್ರಿ ಅಂಗಡಿ ಹಾಕೋ ಮೊದಲು ಒಂದು ಬಕೆಟ್ ಬೋರ್ ನೀರು ಹಿಡಿದಿಡಿ

ಅಂಗಡಿ ತೆರೆದು ಹನ್ನೊಂದನೇ ದಿನ. ಮೆಡಿಕಲ್ ಓದುವ ಹುಡುಗರ ಹದಿನಾಲ್ಕು ಬಿಳಿ ಏಪ್ರನ್ ಒಟ್ಟಿಗೆ ಬಂದಿದ್ದವು. ಹೊಸ ಮಷೀನು, ಹೊಸ ಹುರುಪು. ಬೋರ್ ನೀರು ಬಿಟ್ಟೆ, ಒಳ್ಳೆ ಪೌಡರ್ ಹಾಕಿದೆ, ಇನ್ನೂ ಬೆಳ್ಳಗಾಗಲಿ ಅಂತ ಒಂದು ಲೋಟ ಬ್ಲೀಚ್ ಸುರಿದೆ. ಮುಕ್ಕಾಲು ಗಂಟೆ ಆದ್ಮೇಲೆ ಬಾಗಿಲು ತೆಗೆದರೆ ಹದಿನಾಲ್ಕೂ ಏಪ್ರನ್ ಚಹಾ ಸೋಸುವ ಬಟ್ಟೆಯ ಬಣ್ಣಕ್ಕೆ ತಿರುಗಿದ್ದವು. ಅಪ್ಪ ಬಂದು ಒಂದನ್ನು ಎತ್ತಿ ಬೆಳಕಿಗೆ ಹಿಡಿದ. "ನೀರು ನೋಡ್ದ ಬಟ್ಟಿ ಹಾಕ್ತಾರೇನಲೇ?" ಅಂದ. ಅಷ್ಟೇ. ಬೈದಿದ್ದರೆ ಚೆನ್ನಾಗಿತ್ತು.

ನಮ್ಮದು ಬಟ್ಟೆ ಒಗೆಯುವವರ ಮನೆ. ಗಲ್ಲಾಪೆಟ್ಟಿಗೆ ಮೇಲೆ ಮಡಿವಾಳ ಮಾಚಿದೇವರ ಫೋಟೋ ಇದೆ. ಅಜ್ಜ ಉಬ್ಬೆ ಹಾಕಿ, ಅಂದರೆ ಬಟ್ಟೆಯನ್ನು ಹಬೆಯಲ್ಲಿ ಬೇಯಿಸಿ, ಒಗೆದವನು. ಅಪ್ಪ ಬಳ್ಳಾರಿಯ ಕೌಲ್ ಬಜಾರಿನಲ್ಲಿ ಇದ್ದಿಲ ಇಸ್ತ್ರಿ ಪೆಟ್ಟಿಗೆ ಹಿಡಿದು ನಲವತ್ತು ವರ್ಷ ನಿಂತವನು. ನಾನು ಮಷೀನ್ ತಂದವನು. ಈಗ ರಾಯಚೂರು, ಸಿಂಧನೂರು, ಗಂಗಾವತಿ ಕಡೆಯಿಂದೆಲ್ಲ ಹುಡುಗರು ಫೋನ್ ಮಾಡುತ್ತಾರೆ. "ಅಣ್ಣಾ, ಒಂದು ಲಾಂಡ್ರಿ ಹಾಕಬೇಕಂತ ಮಾಡೀನಿ. ಯಾವ ಮಷೀನ್ ತಗೊಳ್ಳಲಿ?" ಮಷೀನ್ ಆಮೇಲೆ ನೋಡೋಣ ಅಂತೀನಿ. ಮೊದಲು ಅಂಗಡಿಯ ಬೋರ್ ನೀರು ಒಂದು ಬಕೆಟ್ ಹಿಡಿ.

ಪರೀಕ್ಷೆ ಎರಡು, ಎರಡಕ್ಕೂ ಖರ್ಚಿಲ್ಲ. ಬಾಡಿಗೆ ಅಡ್ವಾನ್ಸ್ ಕೊಡೋ ಮೊದಲೇ ಮಾಡಿ. ರಾತ್ರಿ ಒಂದು ಬಿಳಿ ಬಕೆಟ್ಟಿಗೆ ನೀರು ತುಂಬಿ ಹಾಗೇ ಬಿಡಿ. ಬೆಳಿಗ್ಗೆ ತಳದಲ್ಲಿ ಕಂದು ಗಸಿ ಕೂತಿದ್ದರೆ ನೀರಿನಲ್ಲಿ ಕಬ್ಬಿಣ ಇದೆ ಅಂತ ಲೆಕ್ಕ. ಅನುಮಾನ ಬಂದರೆ ಆಗಷ್ಟೇ ಹಿಡಿದ ಒಂದು ಲೋಟ ನೀರಿಗೆ ನಾಲ್ಕು ಹನಿ ಬ್ಲೀಚ್ ಬಿಡಿ, ಕಬ್ಬಿಣ ಜಾಸ್ತಿ ಇದ್ದರೆ ನೀರು ಹಳದಿಗೆ ತಿರುಗುತ್ತದೆ. ನನ್ನ ಏಪ್ರನ್‌ಗಳಿಗೆ ಆಗಿದ್ದೂ ಇದೇ. ಕರಗಿದ ಕಬ್ಬಿಣ ಕಣ್ಣಿಗೆ ಕಾಣುವುದಿಲ್ಲ. ಬ್ಲೀಚ್ ತಾಗಿದ ಕೂಡಲೇ ತುಕ್ಕಾಗಿ ನೂಲಿನೊಳಗೆ ಕೂತುಬಿಡುತ್ತದೆ.

ಇನ್ನೊಂದು ಪರೀಕ್ಷೆ ಸೋಪಿನದು. ಅರ್ಧ ಲೀಟರ್ ಬಾಟಲಿಗೆ ಅರ್ಧದಷ್ಟು ನೀರು ಹಾಕಿ, ಮಾಮೂಲಿ ಮೈಸೋಪನ್ನು ಚಾಕುವಿನಿಂದ ಹೆರೆದು ಒಂದು ಚಿಟಿಕೆ ಸೇರಿಸಿ ಜೋರಾಗಿ ಕುಲುಕಿ. ಡಿಟರ್ಜೆಂಟ್ ಪೌಡರ್ ಹಾಕಬೇಡಿ, ಅದು ಗಡಸು ನೀರಿನಲ್ಲೂ ನೊರೆ ಕೊಟ್ಟು ಮೋಸ ಮಾಡುತ್ತದೆ. ಸಿಹಿ ನೀರಾದರೆ ನೊರೆ ಬಾಟಲಿ ಕತ್ತಿನವರೆಗೆ ಬಂದು ನಿಲ್ಲುತ್ತದೆ. ಸವಳು ನೀರಾದರೆ ನೊರೆ ಸತ್ತು, ಒಡೆದ ಹಾಲಿನ ಹಾಗೆ ಬಿಳಿ ಚೂರು ತೇಲುತ್ತವೆ. ಆ ಚೂರೇ ನಿಮ್ಮ ಗಿರಾಕಿಯ ಅಂಗಿ ಮೇಲೆ ಬೂದಿ ಬಣ್ಣವಾಗಿ ಕೂರುವುದು. ಟಿಡಿಎಸ್ ಮೀಟರ್ ಹಿಡಿದು ಬಂದು ಗಡಸು ಅಳೆದೆ ಅನ್ನುವವರನ್ನು ನಂಬಬೇಡಿ. ಆ ಮೀಟರ್ ಎಲ್ಲ ಲವಣವನ್ನೂ ಸೇರಿಸಿ ಎಣಿಸುತ್ತದೆ. ನಮಗೆ ಬೇಕಾದ್ದು ಕ್ಯಾಲ್ಸಿಯಂ, ಮೆಗ್ನೀಸಿಯಂ ಲೆಕ್ಕ ಮಾತ್ರ. ಕುಡಿಯುವ ನೀರಿಗೆ ಗಡಸುತನ ಲೀಟರಿಗೆ 200 ಮಿಲಿಗ್ರಾಂ ಒಳಗಿರಬೇಕು, ಬೇರೆ ನೀರೇ ಇಲ್ಲದಿದ್ದರೆ 600 ತನಕ ಒಪ್ಪಬಹುದು ಅಂತ ನಮ್ಮ ದೇಶದ ಮಾನದಂಡ ಹೇಳುತ್ತದೆ. ಲ್ಯಾಬಿಗೆ ಕೊಟ್ಟಾಗ ನನ್ನ ಬೋರ್ 780 ತೋರಿಸಿತು. ಕುಡಿಯೋಕಾಗದ ನೀರಿನಲ್ಲಿ ಹದಿನಾಲ್ಕು ಡಾಕ್ಟರುಗಳ ಮಾನ ತೊಳೆಯಲು ಹೊರಟಿದ್ದೆ!

ಆ ಏಪ್ರನ್‌ಗಳ ಕತೆ ಮುಗಿಸಿಬಿಡ್ತೀನಿ. ಬ್ಲೀಚ್ ಪೂರ್ತಿ ಹೋಗುವ ತನಕ ಸಿಹಿ ನೀರಿನಲ್ಲಿ ಮೂರು ಸಲ ಜಾಲಿಸಿದೆ. ಈ ಕೆಲಸ ಬಿಡಬೇಡಿ, ಬ್ಲೀಚಿಗೆ ಹುಳಿ ಬೆರೆತರೆ ಕ್ಲೋರಿನ್ ಗಾಳಿ ಏಳುತ್ತದೆ, ಉಸಿರು ಕಟ್ಟುತ್ತದೆ. ಆಮೇಲೆ ಹತ್ತು ಲೀಟರ್ ಬಿಸಿ ನೀರಿಗೆ ನೂರು ಗ್ರಾಂ ನಿಂಬೆ ಉಪ್ಪು (ಸಿಟ್ರಿಕ್ ಆಸಿಡ್) ಕರಗಿಸಿ ಅರ್ಧ ಗಂಟೆ ನೆನೆಸಿದೆ. ಎರಡು ಸಲ. ಹನ್ನೆರಡು ಬಿಳಿಗೆ ತಿರುಗಿದವು, ಎರಡಕ್ಕೆ ದುಡ್ಡು ಕಟ್ಟಿದೆ. ಆಕ್ಸಾಲಿಕ್ ಆಸಿಡ್ ಇನ್ನೂ ಬೇಗ ತೆಗೆಯುತ್ತದೆ, ಆದರೆ ಅದು ವಿಷ. ಮಕ್ಕಳು ಓಡಾಡುವ ಅಂಗಡಿಯಲ್ಲಿ ನಾನು ಇಡುವುದಿಲ್ಲ.

ಹಾಗಾದರೆ ಬೋರ್ ನೀರು ಬೇಡವಾ? ಬೇಕು, ಅದಿಲ್ಲದೆ ನಡೆಯಲ್ಲ. ನಮ್ಮ ಓಣಿಗೆ ನಲ್ಲಿ ನೀರು ದಿನಾ ಬರುವುದಿಲ್ಲ. 2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಡ್ಯಾಮಿನ 19ನೇ ಗೇಟು ಚೈನ್ ಕಡಿದು ಕೊಚ್ಚಿ ಹೋಯಿತಲ್ಲ, ಆ ವಾರ ಪೂರ್ತಿ ನಾನು ಟಿವಿ ಮುಂದೆ ಕೂತಿದ್ದೆ. ನದಿಗೆ ಹರಿದು ಹೋಗುತ್ತಿದ್ದುದು ನಮ್ಮೂರಿನ ಮುಂದಿನ ಬೇಸಿಗೆಯ ನೀರು. ಅವತ್ತಿನಿಂದ ಒಂದು ಪದ್ಧತಿ ಮಾಡಿಕೊಂಡಿದ್ದೀನಿ. ಮೊದಲ ಸುತ್ತಿಗೆ ಬೋರ್ ನೀರು, ಕೊನೆಯ ಜಾಲಾಟಕ್ಕೆ ಮಾತ್ರ ಕಾಲುವೆಯಿಂದ ಬರುವ ನಲ್ಲಿ ನೀರು. ಬೋರ್ ನೀರನ್ನು ಹಿಂದಿನ ರಾತ್ರಿಯೇ ಡ್ರಮ್ಮಿಗೆ ತುಂಬಿ ವಾಶಿಂಗ್ ಸೋಡಾ ಕಲಕಿ ಬಿಡುತ್ತೇನೆ. ಗಡಸು ಒಂದಿಷ್ಟು ಸುಣ್ಣವಾಗಿ ತಳಕ್ಕೆ ಇಳಿಯುತ್ತದೆ, ಮೇಲಿನ ತಿಳಿ ಬಳಸುತ್ತೇನೆ. ಸೋಡಾವನ್ನು ನೇರ ಮಷೀನಿಗೆ ಹಾಕಿದರೆ ಆ ಸುಣ್ಣ ಬಟ್ಟೆ ಮೇಲೇ ಕೂರುತ್ತದೆ. ರೇಷ್ಮೆ, ಉಣ್ಣೆಗೆ ಸೋಡಾ ನೀರು ಸೋಕಿಸಲೇಬೇಡಿ.

ಸಾಫ್ಟ್‌ನರ್ ಯಂತ್ರ ಮಾರುವವರು ನಿಮ್ಮ ಬಾಗಿಲಿಗೂ ಬರುತ್ತಾರೆ. ಕೆಲಸವೇನೋ ಚೆನ್ನಾಗಿ ಮಾಡುತ್ತದೆ. ಆದರೆ ಅದನ್ನು ಮತ್ತೆ ಮತ್ತೆ ಉಪ್ಪು ನೀರಿನಿಂದ ತೊಳೆಯಬೇಕು, ಆ ಉಪ್ಪೆಲ್ಲ ಚರಂಡಿಗೆ. ಕಾಲುವೆ ಕೆಳಗಿನ ಹೊಲಗಳು ಸವಳು ಹಿಡಿದು ಬಿಳಿಚಿಕೊಂಡಿರುವುದನ್ನು ಸಿರುಗುಪ್ಪ, ಸಿಂಧನೂರು ಕಡೆಯವರಿಗೆ ನಾನು ಹೇಳಿಕೊಡಬೇಕಾಗಿಲ್ಲ. ನಾನು ಕೊಂಡಿಲ್ಲ.

ಮಷೀನ್ ವಿಷಯ

ಮುಂದೆ ಬಾಗಿಲಿರುವ ಮಷೀನ್ ತಗೊಳ್ಳಿ. ದುಡ್ಡು ಜಾಸ್ತಿ, ನೀರು ಕಡಿಮೆ. ಸೇಲ್ಸ್‌ನವರು ಹೇಳಿದ್ದು ಬಿಡಿ, ನಾನೇ ಹೊರಗಿನ ಪೈಪಿಗೆ 20 ಲೀಟರ್ ಬಕೆಟ್ ಹಿಡಿದು ಅಳೆದಿದ್ದೀನಿ. ಒಂದು ಲೋಡಿಗೆ ಮೂರೂವರೆ ಬಕೆಟ್ ಬಂತು, ಅಂದರೆ 70 ಲೀಟರ್. ಮೊದಲಿದ್ದ ಮೇಲ್ಬಾಗಿಲ ಮಷೀನ್ ಆರು ಬಕೆಟ್ ದಾಟಿಸುತ್ತಿತ್ತು. ದಿನಕ್ಕೆ ಹನ್ನೆರಡು ಲೋಡ್ ಅಂದುಕೊಂಡು ನೀವೇ ಗುಣಿಸಿ, ಟ್ಯಾಂಕರ್ ಬಾಡಿಗೆ ಕಣ್ಣ ಮುಂದೆ ಬರುತ್ತದೆ. ಕೊನೆಯ ಜಾಲಾಟದ ಒಂದು ಬಕೆಟ್ ನೀರು ಸುಮಾರು ಚೊಕ್ಕವೇ ಇರುತ್ತದೆ. ಅದನ್ನು ಹಿಡಿದು ಮುಂದಿನ ಧೂಳು ಬಟ್ಟೆ ನೆನೆಸಲು ಇಡುತ್ತೇನೆ.

ಡ್ರೈಯರ್‌ಗೆ ಮೊದಲ ವರ್ಷವೇ ಸಾಲ ಮಾಡಬೇಡಿ. ಬಳ್ಳಾರಿ ಬಿಸಿಲು ಪುಕ್ಕಟೆ. ಏಪ್ರಿಲ್‌ನಲ್ಲಿ ತಾರಸಿ ಮೇಲೆ ಕಡೆಯ ಅಂಗಿ ಹರವುವಷ್ಟರಲ್ಲಿ ಮೊದಲನೆಯದು ಒಣಗಿರುತ್ತದೆ. ಮಳೆಗಾಲದ ಕೆಲವು ವಾರಕ್ಕೆ ಎರಡು ಫ್ಯಾನ್ ಸಾಕು. ಬಣ್ಣದ ಬಟ್ಟೆ ಒಳಮೈ ಹೊರಗೆ ಮಾಡಿ ಹಾಕಿ, ಇಲ್ಲದಿದ್ದರೆ ಬಿಸಿಲು ಬಣ್ಣ ತಿನ್ನುತ್ತದೆ.

ಇನ್ನು ಕೆಂಪು ಧೂಳು. ಸಂಡೂರು, ತೋರಣಗಲ್ಲು ಕಡೆ ಗಣಿ, ಉಕ್ಕಿನ ಕಾರ್ಖಾನೆ ಕೆಲಸಕ್ಕೆ ಹೋಗುವವರ ಯೂನಿಫಾರಂ ನಮ್ಮಲ್ಲಿ ದಿನಾ ಬರುತ್ತದೆ. ಅದಿರಿನ ಧೂಳು ನೀರಿನಲ್ಲಿ ಕರಗುವುದಿಲ್ಲ, ನೇಯ್ಗೆಯ ಸಂದಿಯಲ್ಲಿ ಸಿಕ್ಕಿಕೊಂಡಿರುತ್ತದೆ. ಆದ್ದರಿಂದ ಒಣಗಿದ್ದಾಗಲೇ ಕೊಡವಬೇಕು. ಹಿತ್ತಲ ಹಗ್ಗಕ್ಕೆ ನೇತು ಹಾಕಿ, ಮೂಗಿಗೆ ಬಟ್ಟೆ ಕಟ್ಟಿಕೊಂಡು, ಬೆತ್ತದಲ್ಲಿ ಬೆನ್ನಿನ ಕಡೆಯಿಂದ ತಟ್ಟಿ. ಜೇಬು ಹೊರಗೆ ಎಳೆದು ಹೊಲಿಗೆಯ ಮೂಲೆ ಉಜ್ಜಿ ತೆಗೆಯಿರಿ, ಅಲ್ಲಿ ಒಂದು ಚಮಚದಷ್ಟು ಅದಿರು ಕೂತಿರುತ್ತದೆ. ಆಮೇಲೆ ಪೌಡರ್ ಹಾಕದೆ ಬರೀ ತಣ್ಣೀರಲ್ಲಿ ಒಂದು ಸಲ ಅದ್ದಿ ತೆಗೆಯಿರಿ. ಇಟ್ಟಿಗೆ ನೆನೆಸಿದ ಹಾಗೆ ನೀರು ಕೆಂಪಾಗುತ್ತದೆ. ಆ ನೀರು ಚೆಲ್ಲಿದ ಮೇಲೇ ಮಷೀನಿಗೆ, ಅದೂ ಬೇರೆ ಲೋಡು. ಹಸಿ ಇದ್ದಾಗ ಬ್ರಷ್ ಹಾಕಿ ತಿಕ್ಕಿದರೆ ಧೂಳು ಇನ್ನೂ ಆಳಕ್ಕೆ ಹೋಗುತ್ತದೆ. ಬ್ಲೀಚ್ ಮಾತೇ ಬೇಡ, ಅದರ ಪಾಠ ಆಗಿದೆಯಲ್ಲ.

ಗಿರಾಕಿ ಹೇಗೆ ಬದಲಾಗಿದ್ದಾನೆ

ಅಪ್ಪನ ಕಾಲಕ್ಕೆ ಮನೆಯಲ್ಲಿ ಒಗೆದು ಇಸ್ತ್ರಿಗೆ ಮಾತ್ರ ಕೊಡುತ್ತಿದ್ದರು. ಈಗ ಗಂಡ ಹೆಂಡತಿ ಇಬ್ಬರೂ ದುಡಿಯುವ ಮನೆ, ಪಿಜಿ ಹುಡುಗರು, ನರ್ಸಿಂಗ್ ಓದುವವರು ಇಡೀ ಗಂಟನ್ನೇ ತಂದು ತೂಕಕ್ಕೆ ಇಡುತ್ತಾರೆ. ವಾಟ್ಸಾಪಿನಲ್ಲಿ ಒಂದು ಲೊಕೇಶನ್ ಕಳಿಸಿ ಮನೆಗೇ ಬಂದು ಒಯ್ಯಿರಿ ಅನ್ನುವವರೂ ಇದ್ದಾರೆ. ದೊಡ್ಡ ಊರಿನ ಸರಣಿ ಲಾಂಡ್ರಿಗಳು ಕಲಿಸಿದ ಕಿಲೋ ಲೆಕ್ಕ ಇದು. ಇದರಲ್ಲಿ ಒಂದು ಗುಟ್ಟಿದೆ. ಒಂದು ಜೀನ್ಸ್ ಮುಕ್ಕಾಲು ಕಿಲೋ ಹತ್ತಿರ ತೂಗುತ್ತದೆ, ಒಂದು ಅಂಗಿ ಕಾಲು ಕಿಲೋ ಕೂಡ ಇಲ್ಲ. ಹಾಗಾಗಿ ಒಂದು ಕಿಲೋ ಜೀನ್ಸಿಗಿಂತ ಒಂದು ಕಿಲೋ ಅಂಗಿಗೆ ಮಡಚುವ ಕೆಲಸ ಸುಮಾರು ಮೂರು ಪಟ್ಟು. ಇಸ್ತ್ರಿಯನ್ನು ಕಿಲೋ ದರದೊಳಗೆ ಸೇರಿಸಿದಿರೋ, ಮುಳುಗಿದಿರಿ. ನಾನು ಒಗೆದು ಮಡಚಿ ಕೊಡಲು ಕಿಲೋಗೆ 70 ರೂಪಾಯಿ ತಗೊಳ್ತೀನಿ, ಇಸ್ತ್ರಿ ಪೀಸ್ ಲೆಕ್ಕ. ಲಾಡ್ಜಿನ ಬೆಡ್‌ಶೀಟ್ ಒಳ್ಳೆ ಕೆಲಸ, ಆದರೆ ಬಿಲ್ ಬರಲು ತಿಂಗಳುಗಟ್ಟಲೆ ಕಾಯಿಸುತ್ತಾರೆ. ಒಂದೇ ಲಾಡ್ಜ್ ನೆಚ್ಚಿಕೊಳ್ಳಬೇಡಿ.

ಬದಲಾಗದ್ದು ನೊರೆಯ ಹುಚ್ಚು. ಸರ್ಫ್ 1959ರಲ್ಲಿ ಬಂತು, ಹತ್ತು ವರ್ಷಕ್ಕೆ ನಿರ್ಮಾ ಬಂದು ಬಡವರ ಮನೆಗೂ ಪೌಡರ್ ತಲುಪಿಸಿತು. ಅಂದಿನಿಂದ ನೊರೆ ಜಾಸ್ತಿ ಇದ್ದರೆ ಕೊಳೆ ಹೋಯಿತು ಅಂತಲೇ ಜನರ ಲೆಕ್ಕ. ಮುಂಬಾಗಿಲ ಮಷೀನಿಗೆ ನೊರೆ ಕಡಿಮೆ ಇರುವ ಪೌಡರ್ರೇ ಬೇಕು. ಜಾಸ್ತಿ ಹಾಕಿದರೆ ಜಾಲಿಸಲು ನೀರು ಜಾಸ್ತಿ, ಅಷ್ಟೇ ಲಾಭ. ಮಾಮೂಲಿ ಕೊಳೆಗೆ ಬಿಸಿ ನೀರೂ ಬೇಡ. ಮಷೀನಿನ ಕರೆಂಟು ಹೆಚ್ಚು ಹೋಗುವುದೇ ನೀರು ಕಾಯಿಸಲು. ಇನ್ನೊಂದು, ಘಮಘಮ ಕಂಡೀಷನರ್. ಟವೆಲಿಗೆ ಮಾತ್ರ ಹಾಕಬೇಡಿ. ನೂಲಿನ ಮೇಲೆ ಜಿಡ್ಡಿನ ಪದರ ಕೂತು ಟವೆಲು ನೀರೇ ಹೀರುವುದಿಲ್ಲ.

ಜೀನ್ಸ್ ಊರಿನಲ್ಲಿ ಕಡಿಮೆ ಒಗೆಯಿರಿ ಅನ್ನೋದು

ಸಾಲಕ್ಕೆ ಬ್ಯಾಂಕಿಗೆ ಹೋಗಿ "ವಾಶಿಂಗ್ ಯೂನಿಟ್" ಅಂದೆ. ಅಲ್ಲಿದ್ದವರು ಮಾಲಿನ್ಯ ಮಂಡಳಿ ಒಪ್ಪಿಗೆ ಪತ್ರ ಎಲ್ಲಿ, ನೀರು ಶುದ್ಧ ಮಾಡುವ ಘಟಕ ಎಲ್ಲಿ ಅಂತ ಕೇಳಿದರು. ಬಳ್ಳಾರಿಯಲ್ಲಿ ವಾಶಿಂಗ್ ಅಂದರೆ ಜೀನ್ಸ್ ವಾಶಿಂಗ್! ಹೊಲಿದ ಜೀನ್ಸನ್ನು ಪ್ಯೂಮಿಸ್ ಕಲ್ಲು, ಎಂಜೈಮು, ಬ್ಲೀಚು ಹಾಕಿ ತಿರುಗಿಸಿ ಹಳೆಯದರ ಹಾಗೆ ಕಾಣಿಸುವ ಕೆಲಸ. ಅದರ ನೀಲಿ ನೀರಿನ ದೂರು ನೀವೂ ಕೇಳಿರುತ್ತೀರಿ. ಅರ್ಜಿಯಲ್ಲಿ "ಲಾಂಡ್ರಿ" ಅಂತಲೇ ಬರೆಯಿರಿ. ಅಂದಹಾಗೆ 2023ರ ಸೆಪ್ಟೆಂಬರಿನಲ್ಲಿ ಶುರುವಾದ ಪಿಎಂ ವಿಶ್ವಕರ್ಮ ಯೋಜನೆಯ 18 ಕಸುಬುಗಳಲ್ಲಿ ನಮ್ಮದೂ ಇದೆ. ಅಡಮಾನ ಇಲ್ಲದೆ ಮೊದಲು ಒಂದು ಲಕ್ಷ, ಅದು ತೀರಿಸಿದ ಮೇಲೆ ಎರಡು ಲಕ್ಷ, ಬಡ್ಡಿ ಶೇಕಡ 5. ಮನೆಗೆ ಒಬ್ಬರಿಗೆ ಮಾತ್ರ. ನಮ್ಮ ಮನೆಯಲ್ಲಿ ಅಪ್ಪನ ಹೆಸರಿಗೆ ಮಾಡಿಸಿದೆವು.

ಲೀವೈಸ್ ಕಂಪನಿ 2015ರಲ್ಲಿ ಲೆಕ್ಕ ಹಾಕಿದ ಹಾಗೆ, ಒಂದು ಜೀನ್ಸ್ ಹತ್ತಿ ಬೆಳೆಯುವುದರಿಂದ ಹಿಡಿದು ಹರಿಯುವ ತನಕ 3,781 ಲೀಟರ್ ನೀರು ಕುಡಿಯುತ್ತದೆ. ಅದರಲ್ಲಿ ಶೇಕಡ 23 ನಾವು ಮನೆಯಲ್ಲಿ ಒಗೆಯುವುದಕ್ಕೆ. ಈ ಲೆಕ್ಕ ಓದಿದ ಮೇಲೆ ಕೌಂಟರಿನಲ್ಲಿ ನಾನೇ ಹೇಳಲು ಶುರು ಮಾಡಿದೆ, ಜೀನ್ಸ್ ಒಂದು ಸಲ ಹಾಕಿದ್ದಕ್ಕೆ ಒಗೆಯಬೇಡಿ, ಕೊಡವಿ ಗಾಳಿಗೆ ಹಾಕಿ, ನಾಲ್ಕೈದು ಸಲ ಹಾಕಿ ತನ್ನಿ ಅಂತ. "ಅಂಗಡಿ ಮುಚ್ಚೋ ಮಾತು ಆಡ್ತಿ" ಅಂತ ಅಪ್ಪ ಗೊಣಗಿದ. ನಿಜ ಏನಂದರೆ ಹೀಗೆ ಹೇಳಿದ ಮೇಲೆ ಗಿರಾಕಿ ಹೋಗಲಿಲ್ಲ. ಇವನು ದುಡ್ಡಿಗಾಗಿ ಹೇಳುವವನಲ್ಲ ಅಂತ ಸೀರೆಗಳನ್ನೂ ನಂಬಿ ಕೊಡುತ್ತಾರೆ.

ಪಾಲಿಯೆಸ್ಟರ್ ಬಟ್ಟೆ ಒಗೆದಾಗ ಕಣ್ಣಿಗೆ ಕಾಣದ ಪ್ಲಾಸ್ಟಿಕ್ ಎಳೆ ಉದುರುತ್ತವೆ. ಸಮುದ್ರ ಸೇರುವ ಇಂಥ ಸಣ್ಣ ಪ್ಲಾಸ್ಟಿಕ್ಕಿನಲ್ಲಿ ಸುಮಾರು ಶೇಕಡ 35 ಬಟ್ಟೆ ಒಗೆತದಿಂದಲೇ ಅಂತ ಪ್ರಕೃತಿ ಉಳಿಸುವ ಅಂತರರಾಷ್ಟ್ರೀಯ ಸಂಸ್ಥೆ ಐಯುಸಿಎನ್ 2017ರಲ್ಲಿ ಅಂದಾಜು ಮಾಡಿತ್ತು. ಹೊರಗಿನ ಪೈಪಿನ ಬಾಯಿಗೆ ಸಣ್ಣ ಕಣ್ಣಿನ ನೈಲಾನ್ ಬಲೆಯನ್ನು ಎರಡು ಪದರ ಕಟ್ಟಿ. ಎಲ್ಲ ಸಿಕ್ಕುವುದಿಲ್ಲ, ಆದರೂ ವಾರಕ್ಕೆ ಒಂದು ಮುಷ್ಟಿ ಬೂದು ಹಿಂಜು ಸಿಗುತ್ತದೆ. ಚರಂಡಿ ಕಟ್ಟುವುದೂ ನಿಂತಿದೆ.

ಡ್ರೈಕ್ಲೀನ್ ನೀವೇ ಮಾಡಲು ಹೋಗಬೇಡಿ. ಪೆಟ್ರೋಲ್ ವಾಶ್ ಅನ್ನುತ್ತಾರಲ್ಲ, ಅದರ ದ್ರವ ಬೆಂಕಿಗೆ ಹತ್ತಿರ. ಇನ್ನೊಂದು ದ್ರವ ಪರ್ಕ್ (ಪರ್ಕ್ಲೋರೋಎಥಿಲೀನ್), ಆರೋಗ್ಯಕ್ಕೆ ಹಾನಿ ಅಂತ ಅದನ್ನು ಡ್ರೈಕ್ಲೀನ್ ಅಂಗಡಿಗಳಿಂದ ಹತ್ತು ವರ್ಷದಲ್ಲಿ ತೆಗೆಸಲು ಅಮೆರಿಕ 2024ರ ಡಿಸೆಂಬರಿನಲ್ಲಿ ನಿಯಮ ಮಾಡಿದೆ. ಬಂದ ಕೋಟು, ಪಟ್ಟೆ ಸೀರೆಯನ್ನು ಸರಿಯಾದ ಯಂತ್ರ ಇರುವವರಿಗೆ ಕಳಿಸಿ, ಕಮಿಷನ್ ಇಟ್ಟುಕೊಳ್ಳಿ.

ಕಡೆಗೆ, ಯಾವ ಬಟ್ಟೆ ಯಾರದು ಅನ್ನೋ ಗುರುತು. ಅಜ್ಜ ಕರಿಗೇರು ಕಾಯಿಗೆ ಸೂಜಿ ಚುಚ್ಚಿ, ಆ ಕಪ್ಪು ರಸದಲ್ಲಿ ಕಾಲರಿನ ಒಳಗೆ ಚುಕ್ಕಿ, ಗೀಟು ಹಾಕುತ್ತಿದ್ದ. ಬಟ್ಟೆ ಹರಿದರೂ ಗುರುತು ಹೋಗುತ್ತಿರಲಿಲ್ಲ. ಆದರೆ ಕೆಲವರ ಕತ್ತಿಗೆ ಅದು ಗುಳ್ಳೆ ಎಬ್ಬಿಸುತ್ತಿತ್ತು. ನಾನು ಬಿಳಿ ನಾಡಾ ತುಂಡಿನ ಮೇಲೆ ಅಳಿಯದ ಪೆನ್ನಿನಿಂದ ನಂಬರ್ ಬರೆದು, ಗುಂಡಿಯ ಕಾಜಾಕ್ಕೆ ದಾರದಲ್ಲಿ ಕಟ್ಟುತ್ತೇನೆ. ಕಬ್ಬಿಣದ ಪಿನ್ನಾಗಲಿ ಸ್ಟೇಪ್ಲರ್ ಆಗಲಿ ಚುಚ್ಚಬೇಡಿ. ಒದ್ದೆ ಬಟ್ಟೆಯಲ್ಲಿ ಒಂದು ರಾತ್ರಿ ಉಳಿದರೆ ಬೆಳಿಗ್ಗೆ ಅಲ್ಲೊಂದು ತುಕ್ಕಿನ ಚುಕ್ಕೆ, ಮತ್ತೆ ನಿಂಬೆ ಉಪ್ಪು ಹುಡುಕಬೇಕು.