ಮರದ ಬುಡ ನೋಡ್ರಿ

ವನ್ಯಜೀವಿ ಸಾಕ್ಷ್ಯಚಿತ್ರ ಮಾಡುತ್ತೇನೆ ಅಂದರೆ ಜನ ಮೊದಲು ಕೇಳುವುದು ಹುಲಿಯ ಬಗ್ಗೆ. ನಾನು ಜಾಸ್ತಿ ದಿನ ನೋಡುತ್ತಾ ಕೂತಿದ್ದು ಮಾತ್ರ ಒಂದು ಮರದ ಪೊಟರೆಯನ್ನು.

ದಾಂಡೇಲಿ ಕಡೆಯ ಕಾಡು. ದೊಡ್ಡ ಮಂಗಟ್ಟೆ, ಅಂದರೆ ಗ್ರೇಟ್ ಹಾರ್ನ್‌ಬಿಲ್, ಗೂಡಿನ ಚಿತ್ರೀಕರಣ. ಹೆಣ್ಣು ಪೊಟರೆಯೊಳಗೆ ಸೇರಿಕೊಂಡು ತನ್ನ ಹಿಕ್ಕೆ, ಹಣ್ಣಿನ ತಿರುಳಿನಿಂದ ಬಾಗಿಲು ಮೆತ್ತಿಕೊಳ್ಳುತ್ತದೆ. ಕೊಕ್ಕು ತೂರುವಷ್ಟು ಸೀಳು ಮಾತ್ರ ಉಳಿಯುತ್ತದೆ. ಆಮೇಲೆ ತಿಂಗಳುಗಟ್ಟಲೆ ಊಟ ತರುವುದು ಗಂಡಿನ ಪಾಲು.

ಮೊದಲ ವರ್ಷ ಪರ್ಮಿಷನ್‌ಗೆ ಡಿಸೆಂಬರ್‌ನಲ್ಲಿ ಅರ್ಜಿ ಹಾಕಿದೆ. ಪೂರ್ತಿ ನನ್ನದೇ ದಡ್ಡತನ. ಕಾಗದ ಕೈಗೆ ಬರುವಷ್ಟರಲ್ಲಿ ಮಳೆ ಶುರು, ಗೂಡು ಖಾಲಿ. ಮರುವರ್ಷ ಆಗಸ್ಟ್‌ನಲ್ಲೇ ಹಾಕಿ ಫೆಬ್ರವರಿಯಲ್ಲಿ ಕಾಡಿಗೆ ಹೋದೆ.

ಎರಡು ದಿನ ಬೈನಾಕ್ಯುಲರ್ ಹಿಡಿದು ಕತ್ತು ನೋಯಿಸಿಕೊಂಡೆ. ಜೊತೆಗಿದ್ದ ಕುಣಬಿ ಸಮುದಾಯದ ಅಜ್ಜ ಸುಮ್ನೆ ನೋಡುತ್ತಿದ್ದರು. ಕೊನೆಗೆ ಅವರೇ ಅಂದರು: “ಸಾಹೇಬ್ರ, ಮ್ಯಾಲೆ ಏನ್ ನೋಡ್ತೀರಿ, ಬುಡಾ ನೋಡ್ರಿ.” ಬುಡದಲ್ಲಿ ರಾಮಪತ್ರೆ ಬೀಜ, ಅತ್ತಿಹಣ್ಣಿನ ಸಿಪ್ಪೆ, ಒದ್ದೆ ಹಿಕ್ಕೆ. ಪಕ್ಕದಲ್ಲೇ ಹೋದ ವರ್ಷದ ಬೀಜಗಳು ಮೊಳೆತು ಮೊಣಕಾಲೆತ್ತರ ಬೆಳೆದಿದ್ದವು. ವರ್ಷವೂ ಅದೇ ಪೊಟರೆ ಅನ್ನುವುದಕ್ಕೆ ಬೇರೆ ಸಾಕ್ಷಿ ಬೇಕಿರಲಿಲ್ಲ.

ಕೂರಲು ಬಟ್ಟೆಯ ಮರೆ ಕಟ್ಟಿದೆವು. ಒಂದೇ ಸಲಕ್ಕಲ್ಲ, ನಾಲ್ಕು ದಿನಕ್ಕೆ ಸ್ವಲ್ಪ ಸ್ವಲ್ಪ. ಇಬ್ಬರು ಒಳಹೋಗಿ ಒಬ್ಬ ಹೊರಬಂದರೆ ಹಕ್ಕಿಗೆ ಲೆಕ್ಕ ತಪ್ಪುತ್ತದೆ ಅಂತಾರೆ. ಮಂಗಟ್ಟೆಗೆ ಲೆಕ್ಕ ಬರುತ್ತದೆ ಅನ್ನುವುದು ನನ್ನ ಗುಮಾನಿ. ಅದಕ್ಕೇ ಕತ್ತಲಲ್ಲಿ ಹೋಗಿ ಕತ್ತಲಲ್ಲೇ ಬರುತ್ತಿದ್ದೆ.

ಗಂಡು ಕಾಣುವ ಮೊದಲೇ ಕೇಳಿಸುತ್ತದೆ. ಹಳೇ ಉಗಿಬಂಡಿ ಏದುಸಿರು ಬಿಟ್ಟಂತೆ ರೆಕ್ಕೆಯ ಸದ್ದು. ಬಂದು ಕೂತು ಒಂದು ನಿಮಿಷ ಸುತ್ತ ನೋಡುತ್ತದೆ. ಆಮೇಲೆ ಕತ್ತು ಕೊಡವಿ ಗಂಟಲಿಂದ ಒಂದು ಅತ್ತಿಹಣ್ಣು ಮೇಲೆ ತಂದು, ಕೊಕ್ಕಿನ ತುದಿಯಲ್ಲಿ ಹಿಡಿದು, ಸೀಳಿನೊಳಗೆ ಇಡುತ್ತದೆ. ಮತ್ತೊಂದು. ಮತ್ತೊಂದು. ಅಷ್ಟು ದೊಡ್ಡ ಕೊಕ್ಕು, ಅಷ್ಟು ನಾಜೂಕು!

ಹೆಣ್ಣು ಬಾಗಿಲು ಒಡೆದು ಹೊರಬರುವ ಕ್ಷಣವೇ ಚಿತ್ರದ ಜೀವಾಳ ಅಂದುಕೊಂಡಿದ್ದೆ. ಏಪ್ರಿಲ್‌ನ ಒಂದು ಸಂಜೆ ಟಕ್ ಟಕ್ ಕೇಳಿಸಿತು. ಮರಕುಟಿಗ ಇರಬೇಕು ಅಂದುಕೊಂಡೆ. ಬ್ಯಾಟರಿಯೂ ಮುಗಿದಿತ್ತು, ಎದ್ದು ಬಂದೆ. ಬೆಳಿಗ್ಗೆ ನೋಡಿದರೆ ಬಾಗಿಲು ಒಡೆದಿದೆ, ಹೆಣ್ಣು ಪಕ್ಕದ ಮರದಲ್ಲಿ ಪುಕ್ಕ ತಿದ್ದಿಕೊಳ್ಳುತ್ತಾ ಕೂತಿದೆ. ಮರಿ ಒಳಗಿನಿಂದ ಮತ್ತೆ ಮೆತ್ತಲು ಶುರು ಮಾಡಿತ್ತು. ಅದನ್ನು ಮಾತ್ರ ಬಿಡದೆ ತೆಗೆದೆ.

ಮರೆತು ಬಿಟ್ಟು ಬಂದಿದ್ದ ಆಡಿಯೋ ರೆಕಾರ್ಡರ್‌ನಲ್ಲಿ ಆ ಟಕ್ ಟಕ್ ಉಳಿದಿತ್ತು. ವಾರದ ಹಿಂದಿನ ಮುಚ್ಚಿದ ಸೀಳಿನ ಶಾಟ್ ಮೇಲೆ ಅದನ್ನು ಕೂರಿಸಿದೆವು. ನೋಡಿದವರು ಯಾರೂ ಏನೂ ಕೇಳಲಿಲ್ಲ. ಅಜ್ಜನಿಗೆ ಲ್ಯಾಪ್‌ಟಾಪ್‌ನಲ್ಲಿ ತೋರಿಸಿದಾಗ ಅವರು ಪರದೆಗೆ ಬೆರಳಿಟ್ಟರು.

“ಇದು ಮುಂಜಾನಿ ಬಿಸಿಲು ಅಲ್ರಿ? ಅಕಿ ಒಡದಿದ್ದು ಸಂಜಿಗೆ.”