ಕೊಡೆ ಪೈನ್‌ಗೆ ಕತ್ತರಿ ಬೇಡ, ಬೆರಳು ಸಾಕು

ಕೊಡೆ ಆಕಾರದ ಪೈನ್ ಮರವನ್ನು ದುಡ್ಡು ಕೊಟ್ಟು ತಂದು, ಅದು ಬೇರು ಬಿಡುವಷ್ಟರಲ್ಲೇ ಬೇಲಿ ಕತ್ತರಿ ಹಿಡಿದು ಸುತ್ತ ಬೋಳಿಸಿ ಚೆಂಡು ಮಾಡಿಡುವವರನ್ನು ನೋಡಿದರೆ ನನಗೆ ಮೈ ಉರಿಯುತ್ತದೆ. ಕೇಳಿದರೆ "ನೀಟಾಗಿ ಕಾಣಲಿ ಅಂತ, ದೊಡ್ಡಮ್ಮ" ಅನ್ನುತ್ತಾರೆ. ಚೆಂಡು ಬೇಕಿದ್ದರೆ ಅದಕ್ಕೆ ಬೇರೆ ಗಿಡ ಇಲ್ವಾ? ಈ ಮರದ ಚೆಂದ ಇರುವುದೇ ಕೆಳಗೆ ಕಾಂಡಗಳು ಬರಿದಾಗಿ ಕಾಣುವುದರಲ್ಲಿ, ಮೇಲೆ ಹಸಿರು ಚಪ್ಪಟೆಯಾಗಿ ಹರಡುವುದರಲ್ಲಿ. ಎರಡನ್ನೂ ಹಾಳು ಮಾಡಿದ ಮೇಲೆ ಉಳಿಯುವುದೇನು?

ನಾನು ಹೇಳುತ್ತಿರುವುದು ಜಪಾನಿನ ಕೆಂಪು ಪೈನ್‌ನ ಗಿಡ್ಡ ತಳಿ. ನರ್ಸರಿಯವರು ತಾನ್ಯೋಶೋ ಪೈನ್ ಅನ್ನುತ್ತಾರೆ. ಚೀಟಿಯಲ್ಲಿ ಪೈನಸ್ ಡೆನ್ಸಿಫ್ಲೋರಾ 'ಅಂಬ್ರಾಕ್ಯುಲಿಫೆರಾ' ಅಂತ ಇರಬೇಕು. ಚೀಟಿ ನೋಡದೆ ಸುಮ್ನೆ "ಅಂಬ್ರೆಲಾ ಪೈನ್ ಕೊಡಿ" ಅಂದರೆ ಯಾವುದು ಮನೆಗೆ ಬರುತ್ತದೋ ಹೇಳುವ ಹಾಗಿಲ್ಲ. ಮೆಡಿಟರೇನಿಯನ್ ಕಡೆಯ ಸ್ಟೋನ್ ಪೈನ್ ಅನ್ನೂ ಹಾಗೆಯೇ ಕರೆಯುತ್ತಾರೆ, ಅದು 60 ಅಡಿ ಬೆಳೆದು ನಿಂತರೂ ನಿಂತೀತು. ಜಪಾನಿನದೇ ಇನ್ನೊಂದಿದೆ, ಸಿಯಾಡೊಪಿಟಿಸ್ ಅಂತ. ಅದು ಪೈನ್ ಕುಲದ್ದೇ ಅಲ್ಲ. ದಪ್ಪ ದಪ್ಪ ಹೊಳೆಯುವ ಸೂಜಿಗಳು, ಅಂದರೆ ಸೂಜಿಯಂಥ ಎಲೆಗಳು, ಕೊಂಬೆಯ ಸುತ್ತ ಉಂಗುರ ಉಂಗುರವಾಗಿ ಬರುತ್ತವೆ, ಮರ ಮಾತ್ರ ಮೊನಚಾಗಿ ಮೇಲಕ್ಕೆ ಹೋಗುತ್ತದೆ. ನಾನು ಹೇಳುವ ಮರದಲ್ಲಿ ಸೂಜಿ ತೆಳ್ಳಗೆ, ಎರಡೆರಡು ಜೋಡಿ. ಬುಡದ ಹತ್ತಿರದಿಂದಲೇ ನಾಲ್ಕಾರು ಕಾಂಡ ಒಡೆದಿರುತ್ತವೆ. ಬಲಿತ ಮೇಲೆ ತೊಗಟೆ ಕಿತ್ತಳೆ ಕೆಂಪಾಗಿ ತೆಳುವಾಗಿ ಸುಲಿಯುತ್ತದೆ. ಅದರ ಮೇಲೆ ಸಂಜೆ ಬಿಸಿಲು ಬಿದ್ದಾಗ ನೋಡಬೇಕು ನೀವು.

ಚಳಿಗಾಲ ಸರಿಯಾಗಿ ಬರುವ ಕಡೆಗೆ ಮಾತ್ರ ಈ ಮರ. ಮೈನಸ್ 25 ಡಿಗ್ರಿಯಾದರೂ ತಡೆದುಕೊಳ್ಳುತ್ತದೆ, ಆದರೆ ವರ್ಷವಿಡೀ ಸೆಕೆ ಇರುವ ಜಾಗದಲ್ಲಿ ನೆಟ್ಟು "ಯಾಕೋ ಸೊರಗುತ್ತಿದೆ" ಅಂತ ನನ್ನನ್ನು ಕೇಳಬೇಡಿ.

ಜಾಗ ಆರಿಸುವಾಗ ಗಿಡದ ಇವತ್ತಿನ ಗಾತ್ರ ನೋಡಿ ಮೋಸ ಹೋಗುವವರೇ ಜಾಸ್ತಿ. ವರ್ಷಕ್ಕೆ ಒಂದು ಗೇಣು ಏರಿದರೆ ಹೆಚ್ಚು, ನಿಜ. ಆದರೆ ನಿಧಾನವಾಗಿಯಾದರೂ 12ರಿಂದ 15 ಅಡಿ ಆಗುತ್ತದೆ, ಎತ್ತರ ಎಷ್ಟೋ ಅಗಲವೂ ಅಷ್ಟೇ, ಕೆಲವು ಸಲ ಅದಕ್ಕಿಂತ ಜಾಸ್ತಿ. ಗೋಡೆಯಿಂದ ಎರಡು ಮಾರಾದರೂ ದೂರ ಇಡಿ. ಕಿಟಕಿ ಕೆಳಗೆ ನೆಟ್ಟು ಆಮೇಲೆ ಒಂದು ಪಕ್ಕವನ್ನೇ ಕಡಿದು ಹಾಕಿದ ಮರಗಳನ್ನು ನೋಡಿದ್ದೇನೆ, ಅಯ್ಯೋ ಅನ್ನಿಸುತ್ತದೆ. ದಿನವಿಡೀ ಬಿಸಿಲು ಬೇಕು. ನೆರಳಲ್ಲಿಟ್ಟರೆ ಒಳಗಿನ ಕೊಂಬೆಗಳು ಒಣಗುತ್ತವೆ. ನೀರು ನಿಲ್ಲುವ ಕಡೆಯಂತೂ ಬೇಡವೇ ಬೇಡ. ಜೋರು ಮಳೆ ಬಂದ ಮಾರನೆಯ ದಿನ ಅಂಗಳದಲ್ಲಿ ಒಂದು ಸುತ್ತು ಹಾಕಿ, ಎಲ್ಲಿ ಇನ್ನೂ ಚಪ್ಪಲಿ ಹೂತುಕೊಳ್ಳುತ್ತದೋ ಅಲ್ಲಿ ನೆಡಬೇಡಿ.

ನೆಡುವುದು ನಿಮಗೆ ಗೊತ್ತೇ ಇದೆ. ಗುಂಡಿ ಆಳಕ್ಕಿಂತ ಅಗಲ ಇರಲಿ. ಬೇರು ಗಡ್ಡೆಗೆ ಸುತ್ತಿದ ತಂತಿ, ಗೋಣಿ ಬಿಚ್ಚಿ ಎಸೆಯಿರಿ. ಕಾಂಡ ಅಗಲವಾಗಿ ಬೇರಿಗೆ ತಿರುಗುವ ಜಾಗ ನೆಲದ ಮೇಲೆ ಕಾಣಬೇಕು, ಅದನ್ನು ಹೂತರೆ ಮರ ವರ್ಷಗಟ್ಟಲೆ ಕೊರಗಿ ಸಾಯುತ್ತದೆ. ಇದು ಕಸಿ ಕಟ್ಟಿದ ಗಿಡ. ಹಾಗಾಗಿ ಕಸಿ ಗಂಟಿನ ಕೆಳಗೆ ಕೊಂಬೆ ಉಳಿದಿದ್ದರೆ ಅದು ಕೆಳಗಿನ ಬೇರು ಗಿಡದ್ದು, ಆಗಲೇ ತೆಗೆದುಬಿಡಿ. ಬಿಟ್ಟರೆ ಅದು ದಾಂಡಿಗನಾಗಿ ಬೆಳೆದು ಕೊಡೆಯನ್ನೇ ನುಂಗುತ್ತದೆ. ಗೊಬ್ಬರ ಸುರಿಯಬೇಡಿ. ಅವಸರ ಇದ್ದವರು ಗೊಬ್ಬರ ಹಾಕುತ್ತಾರೆ, ಚಿಗುರು ಉದ್ದುದ್ದ ಎಳೆದುಕೊಂಡು ಕೊಡೆ ಪೊಳ್ಳಾಗುತ್ತದೆ. ಮೊದಲ ಎರಡು ಬೇಸಿಗೆ ಬುಡಕ್ಕೆ ಆಳವಾಗಿ ನೀರು ಕೊಡಿ. ಮಣ್ಣಿಗೆ ಬೆರಳಿಟ್ಟು ನೋಡಿ, ಎರಡು ಗೆಣ್ಣಿನಷ್ಟು ಒಣಗಿದ್ದರೆ ಮಾತ್ರ. ಆಮೇಲೆ ತೀರಾ ಬರ ಬಿದ್ದಾಗ ಬಿಟ್ಟು ಬೇರೆ ದಿನ ಪೈಪ್ ಹಿಡಿದು ಹೋಗುವ ಅಗತ್ಯವೇ ಇಲ್ಲ. ಸೂಜಿಗಳಿಗೆ ನೀರು ಹೊಡೆಯುವ ಚಟ ಕೆಲವರಿಗಿದೆ, ತುದಿ ಒಣಗುವ ಬೂಷ್ಟು ರೋಗಕ್ಕೆ ಅದೇ ಆಹ್ವಾನ.

ಈಗ ಅಸಲು ವಿಷಯ. ವಸಂತದಲ್ಲಿ ಪ್ರತಿ ಕೊಂಬೆಯ ತುದಿಯಿಂದ ಎಳೆ ಚಿಗುರುಗಳು ಮೇಣದ ಬತ್ತಿಯಂತೆ ನೆಟ್ಟಗೆ ಏಳುತ್ತವೆ. ಕ್ಯಾಂಡಲ್ ಅಂತಲೇ ಕರೆಯುವುದು. ಇಡೀ ವರ್ಷದಲ್ಲಿ ಈ ಮರಕ್ಕೆ ನಿಮ್ಮಿಂದ ಬೇಕಾದ ಕೆಲಸ ಅಂದರೆ ಇವುಗಳನ್ನು ಚಿವುಟುವುದು, ಮತ್ತು ಅದಕ್ಕೊಂದು ಹದ ಇದೆ. ಚಿಗುರು ಎದ್ದ ಕೂಡಲೇ ಹೋಗಬೇಡಿ. ಅದು ಬೆರಳುದ್ದ ಚಾಚಿಕೊಳ್ಳಲಿ. ಹತ್ತಿರದಿಂದ ನೋಡಿದರೆ ಮೈಗೆ ಅಂಟಿಕೊಂಡು ಸಣ್ಣ ಸಣ್ಣ ಸೂಜಿಗಳು ಕಾಣುತ್ತವೆ, ತುದಿ ಮಾತ್ರ ಬಿಡಿಸಿಕೊಳ್ಳಲು ಶುರು ಮಾಡಿರುತ್ತದೆ, ಇನ್ನೂ ಅರಳಿರುವುದಿಲ್ಲ. ಅದೇ ಹದ. ಬೆರಳಿನಲ್ಲಿ ಬಗ್ಗಿಸಿದರೆ ಟಕ್ಕನೆ ಮುರಿಯಬೇಕು. ನಾರು ನಾರಾಗಿ ಬಳುಕಿದರೆ ತಡವಾಯಿತು ಅಂತ ಅರ್ಥ, ಆ ವರ್ಷಕ್ಕೆ ಬಿಟ್ಟುಬಿಡಿ. ನನಗೆ ಇದನ್ನು ಕಲಿಸಿದ ವಯಸ್ಸಾದ ತೋಟಗಾರರು ಬೆನ್ನು ಮಾಡಿ ಕೂತಿದ್ದರೂ ನಾನು ಚಿಗುರು ಮುರಿದ ಸದ್ದು ಕೇಳಿಯೇ "ಅದು ಬಲಿತಿದೆ, ಬಿಡಮ್ಮ" ಅನ್ನುತ್ತಿದ್ದರು. ಕತ್ತರಿಯನ್ನಂತೂ ನನ್ನ ಕೈಗೆ ಕೊಡುತ್ತಲೇ ಇರಲಿಲ್ಲ.

ಕತ್ತರಿ ಯಾಕೆ ಬೇಡ ಅಂದರೆ, ಅದು ಚಿಗುರಿನ ಜೊತೆಗೆ ಮೈಗಂಟಿದ ಎಳೆ ಸೂಜಿಗಳನ್ನೂ ಅರ್ಧಕ್ಕೆ ಕತ್ತರಿಸುತ್ತದೆ. ಆ ಸೂಜಿಗಳೆಲ್ಲ ಆಮೇಲೆ ಕಂದು ತುದಿ ಹೊತ್ತು ನಿಲ್ಲುತ್ತವೆ, ಬೇಸಿಗೆಯೆಲ್ಲ ಮರಕ್ಕೆ ಬೆಂಕಿ ತಗುಲಿದ ಹಾಗೆ. ಬೆರಳಲ್ಲಾದರೆ ಆ ರಗಳೆ ಇಲ್ಲ. ಎಡಗೈಯಲ್ಲಿ ಚಿಗುರಿನ ಬುಡ ಹಿಡಿಯಿರಿ, ಬಲಗೈ ಹೆಬ್ಬೆರಳು ತೋರುಬೆರಳಲ್ಲಿ ಮೇಲಿನ ಭಾಗ ಹಿಡಿದು ಪಕ್ಕಕ್ಕೆ ಬಗ್ಗಿಸಿ. ಎಳೆಯಬೇಡಿ, ಎಳೆದರೆ ಬುಡಸಮೇತ ಬರುತ್ತದೆ. ಪ್ರತಿ ತುದಿಯಲ್ಲೂ ನಡುವೆ ಒಂದು ಗಟ್ಟಿ ಚಿಗುರು, ಸುತ್ತ ಮೂರೋ ನಾಲ್ಕೋ ಸಣ್ಣವು ಇರುತ್ತವೆ. ನಡುವಿನದನ್ನು ಮುಕ್ಕಾಲು ಪಾಲು ತೆಗೆಯಿರಿ, ಸುತ್ತಲಿನವನ್ನು ಅರ್ಧ. ಸೊರಗಿದ, ಕಿರುಬೆರಳಿಗಿಂತ ಗಿಡ್ಡ ಇರುವುದನ್ನು ಮುಟ್ಟಲೇಬೇಡಿ, ಅದಕ್ಕೆ ಬೆಳೆಯಲು ಅವಕಾಶ ಕೊಡಿ. ಕೆಳಮುಖವಾಗಿ ನೇತಾಡುವುದನ್ನು ಪೂರ್ತಿ ಉಜ್ಜಿ ತೆಗೆಯಬಹುದು. ಮೇಲಿನಿಂದ ಶುರು ಮಾಡಿ, ಮರದ ಜೋರೆಲ್ಲ ಅಲ್ಲೇ ಇರುವುದು. ಕೆಲವು ಚಿಗುರಿನ ಬುಡದಲ್ಲಿ ಪುಟ್ಟ ಗಂಡು ಕಾಯಿಗಳು ಗುಂಪಾಗಿ ಅಂಟಿರುತ್ತವೆ, ತಾಗಿದರೆ ಸಾಕು ಹಳದಿ ಪುಡಿ ಮುಖಕ್ಕೇ ಹಾರುತ್ತದೆ. ಕನ್ನಡಕ ಇದ್ದವರು ತೆಗೆಯಬೇಡಿ, ಇಲ್ಲದವರು ಕಣ್ಣು ಕಿರಿದು ಮಾಡಿಕೊಂಡು ಹೋಗಿ. ಮಳೆ, ಇಬ್ಬನಿ ಇಲ್ಲದ ಬೆಳಗ್ಗೆ ಆರಿಸಿಕೊಳ್ಳಿ.

ಹೀಗೆ ಮಾಡಿದರೆ ಮುರಿದ ಜಾಗದ ಹತ್ತಿರ ಹೊಸ ಮೊಗ್ಗು ಕಟ್ಟುತ್ತದೆ. ಮುಂದಿನ ವರ್ಷ ಅಲ್ಲಿ ಒಂದರ ಬದಲು ಮೂರು ನಾಲ್ಕು ಚಿಗುರು ಬರುತ್ತವೆ, ಕೊಡೆ ಒತ್ತಾಗುತ್ತದೆ. ಆದರೆ ಸೂಜಿಯೇ ಇಲ್ಲದ ಹಳೆ ಕೊಂಬೆವರೆಗೆ ಕತ್ತರಿಸಿದರೆ ಅಲ್ಲಿಂದ ಏನೂ ಬರುವುದಿಲ್ಲ. ಪೈನ್ ಬೇರೆ ಗಿಡಗಳ ಹಾಗಲ್ಲ, ಬೋಳು ಕೊಂಬೆಯಲ್ಲಿ ಚಿಗುರುವುದಿಲ್ಲ. ಬೇಲಿ ಕತ್ತರಿಯವರಿಗೆ ನಾನು ಬೈಯುವುದು ಇದಕ್ಕೇ. ಹೊಸದಾಗಿ ನೆಟ್ಟ ಗಿಡಕ್ಕೆ ಮೊದಲ ಒಂದೆರಡು ವರ್ಷ ಚಿವುಟುವುದೂ ಬೇಡ, ಮೊದಲು ಅದು ಬೇರೂರಲಿ.

ಕೈಗೆ ಅಂಟು ಹತ್ತಿಯೇ ಹತ್ತುತ್ತದೆ. ಸೋಪು ಹಾಕಿ ಉಜ್ಜಿದರೆ ಇನ್ನೂ ಹರಡುತ್ತದೆ. ಮೊದಲು ಅಡುಗೆ ಎಣ್ಣೆ ಸವರಿ ಉಜ್ಜಿ, ಆಮೇಲೆ ಸೋಪು. ಬಟ್ಟೆಗೆ ಹತ್ತಿದರೆ ಸ್ಪಿರಿಟ್ ಅದ್ದಿದ ಹತ್ತಿಯಲ್ಲಿ ಒತ್ತಿ ತೆಗೆದು ಆಮೇಲೆ ಒಗೆಯಬೇಕು. ಈಗಿನವರಿಗೆ ಕಲೆ ನೋಡುವ ಅಭ್ಯಾಸವೇ ಇಲ್ಲ, ಬಂದದ್ದನ್ನೆಲ್ಲ ಮುದ್ದೆ ಮಾಡಿ ಮೆಷಿನ್‌ಗೆ ತುರುಕಿ ಬಿಸಿನೀರು ತಿರುಗಿಸುತ್ತಾರೆ. ಬಿಸಿ ತಾಗಿದ ಅಂಟಿನ ಕಲೆ ಆಮೇಲೆ ಜಪ್ಪಯ್ಯ ಅಂದರೂ ಬಿಡುವುದಿಲ್ಲ, ಜೊತೆಗೆ ಬಿದ್ದ ಟವೆಲ್‌ಗೂ ಮೆತ್ತಿರುತ್ತದೆ.

ಚಳಿಗಾಲಕ್ಕೆ ಮುಂಚೆ ಒಳಗಿನ ಹಳೆ ಸೂಜಿಗಳು ಹಳದಿಯಾಗಿ ಉದುರುತ್ತವೆ. ಅದಕ್ಕೇ ಗಾಬರಿಯಾಗಿ ಔಷಧಿ ಹೊಡೆಯುವವರಿದ್ದಾರೆ, ಔಷಧಿ ಯಾಕೆ? ಅದು ಪ್ರತಿ ವರ್ಷದ ಲೆಕ್ಕ. ತುದಿಯ ಹೊಸ ಸೂಜಿ ಕಂದಾದರೆ ಮಾತ್ರ ಚಿಂತೆ ಮಾಡಿ. ಅಂಥ ತುದಿಯನ್ನು ಒಣ ಹವೆಯಲ್ಲಿ ತೆಗೆಯಿರಿ, ಪ್ರತಿ ಸಲವೂ ಕತ್ತರಿಯನ್ನು ಸ್ಪಿರಿಟ್‌ನಲ್ಲಿ ಒರೆಸಿ. ಇಲ್ಲಿ ಕತ್ತರಿಗೆ ನನ್ನ ಅಡ್ಡಿಯಿಲ್ಲ. ಹಳದಿ ಸೂಜಿಗಳನ್ನು ಕೈಯಿಂದ ಸವರಿ ಕೆಳಗೆ ಕೆಡವಿದರೆ ಒಳಗೆ ಗಾಳಿ ಬೆಳಕು ಆಡುತ್ತದೆ. ಜಪಾನಿನ ತೋಟಗಾರರು ಇದನ್ನೂ ವ್ರತದ ಹಾಗೆ ಮಾಡುತ್ತಾರೆ. ಬಿದ್ದದ್ದನ್ನು ಗುಡಿಸಿ ಹೊರಗೆ ಹಾಕಬೇಡಿ, ರೋಗ ಇಲ್ಲದಿದ್ದರೆ ಒಂದು ಅಂಗೈ ದಪ್ಪ ಬುಡದ ಸುತ್ತ ಹರಡಿ, ಕಾಂಡಕ್ಕೆ ತಾಗದಂತೆ.

ಹಿಮ ಬೀಳುವ ಕಡೆ ಇನ್ನೊಂದು ಕೆಲಸ. ಚಪ್ಪಟೆ ತಲೆಯ ಮೇಲೆ ಹಿಮ ಕೂತು ಕಾಂಡಗಳು ಬುಡದಲ್ಲೇ ಸೀಳುತ್ತವೆ. ಪೊರಕೆಯಿಂದ ಕೆಳಗಿನಿಂದ ಮೇಲಕ್ಕೆ ಮೆಲ್ಲಗೆ ಎತ್ತಿ ಉದುರಿಸಿ, ಮೇಲಿನಿಂದ ಬಡಿಯಬೇಡಿ. ಗಡ್ಡೆ ಕಟ್ಟಿದ್ದರೆ ಮುಟ್ಟಬೇಡಿ, ಅದು ತಾನಾಗಿ ಕರಗಲಿ. ಜಪಾನಿನ ಕನಾಜಾವಾ ಊರಿನ ಕೆನ್ರೊಕು-ಎನ್ ತೋಟದಲ್ಲಿ ಪ್ರತಿ ನವೆಂಬರ್ 1ಕ್ಕೆ ಪೈನ್ ಮರಗಳಿಗೆ ನಡುವೆ ಕಂಬ ನಿಲ್ಲಿಸಿ, ಅದರ ತುದಿಯಿಂದ ಒಂದೊಂದು ಕೊಂಬೆಗೂ ಹಗ್ಗ ಇಳಿಬಿಡಲು ಶುರು ಮಾಡುತ್ತಾರೆ. ಮನೆಯ ಮರಕ್ಕೆ ಅಷ್ಟೆಲ್ಲ ಬೇಡ. ಕಾಂಡಗಳನ್ನು ಅರ್ಧ ಎತ್ತರದಲ್ಲಿ ಒಂದಕ್ಕೊಂದು ಸಡಿಲವಾಗಿ ಕಟ್ಟಿದರೆ ಸಾಕು. ನೈಲಾನ್ ಹಗ್ಗ ಮಾತ್ರ ಬಳಸಬೇಡಿ, ತೊಗಟೆ ಕೊಯ್ಯುತ್ತದೆ. ಹಳೆ ಹತ್ತಿ ಬಟ್ಟೆಯನ್ನು ಅಗಲವಾಗಿ ಹರಿದು ಕಟ್ಟಿ, ಹಿಮ ಕರಗಿದ ಕೂಡಲೇ ಬಿಚ್ಚಿ.